ಹಳೆಯ ಹಕ್ಕು, ಹೊಸ ಕಾಯಿದೆ: ನರಗುಂದದಲ್ಲಿ ಬ್ರಿಟಿಷ್ ಸಂಪ್ರದಾಯನಿಷ್ಠೆಯ ಪರೀಕ್ಷೆ

ರೋಣದ ಸೀಮೆಯ ಅಬ್ಬಿಗೇರಿಗೆ ನೆರೆಯ ಊರು ನರೇಗಲ್ಲು. ಗಂಗವಂಶದ ಇಮ್ಮಡಿ ಬೂತುಗನ ರಾಣಿ ಪದ್ಮಬ್ಬರಸಿಯು ಅಲ್ಲಿ ಬಸದಿಯೊಂದನ್ನು ಕಟ್ಟಿಸಿದಳೆಂದೂ ಅದರ ದಾನಶಾಲೆಗಾಗಿ ಕೆರೆಯೊಂದನ್ನು ದತ್ತಿ ಬಿಡಲಾಯಿತೆಂದೂ ಕ್ರಿ.ಶ. 950ರ ಶಾಸನ ತಿಳಿಸುತ್ತದೆ. ಮುಳಗುಂದ, ಅಣ್ಣಿಗೇರಿ, ಲಕ್ಷ್ಮೇಶ್ವರಗಳ ಬಸದಿಗಳಿಗೂ, 1007ರಲ್ಲಿ ಅತ್ತಿಮಬ್ಬೆಯು ಲಕ್ಕುಂಡಿಯಲ್ಲಿ ಕಟ್ಟಿಸಿದ ಬ್ರಹ್ಮಜಿನಾಲಯಕ್ಕೂ ಇಂತಹ ದತ್ತಿಗಳು ನಡೆದವು. ಈ ದಾನಗಳ ಹಿಂದೆ ಒಂದೇ ನಂಬಿಕೆಯಿತ್ತು. ಕೊಟ್ಟವನು ಅಳಿದರೂ ಕೊಟ್ಟ ಮಾತು ಅಳಿಯಬಾರದು. ಚಂದ್ರಸೂರ್ಯರಿರುವವರೆಗೆ ಅದು ಮುಂದೆ ಆಳುವವರನ್ನೂ ಕಟ್ಟಿಹಾಕಬೇಕು. ದತ್ತಿಯನ್ನು ಕೆಡಿಸಿದವನಿಗೆ ಘೋರ ಪಾಪದ ಶಾಪವನ್ನು ಶಾಸನಗಳ ಕೊನೆಯಲ್ಲಿ ಕೊರೆಸುತ್ತಿದ್ದುದು ಈ ಕಾರಣದಿಂದಲೇ.

ಆ ನಂಬಿಕೆ ಕೇವಲ ಅಲಂಕಾರವಾಗಿರಲಿಲ್ಲವೆಂಬುದಕ್ಕೆ ಗಾವರವಾಡದ ಶಾಸನ ಸಾಕ್ಷಿಯಾಗಿದೆ. ಗಂಗ ಪೆರ್ಮಾಡಿಯ ಹೆಸರಿನ ಅಣ್ಣಿಗೇರಿಯ ಬಸದಿಯು ಚೋಳರ ದಂಡಯಾತ್ರೆಯಲ್ಲಿ ಹಾಳಾಯಿತು. ಅದರ ದತ್ತಿಯೂ ಕೆಟ್ಟಿತು. ಬಳಿಕ ಕಲ್ಯಾಣದ ಚಾಲುಕ್ಯ ಇಮ್ಮಡಿ ಸೋಮೇಶ್ವರನ ಕಾಲದಲ್ಲಿ, 1071ರ ಸುಮಾರಿಗೆ, ಬೆಳ್ವೊಲವನ್ನಾಳುತ್ತಿದ್ದ ಲಕ್ಷ್ಮರಸನು ಹಳೆಯ ದತ್ತಿಯನ್ನು ಮತ್ತೆ ನಡೆಯುವಂತೆ ಮಾಡಿದನು. ದತ್ತಿಯನ್ನು ಕೊಟ್ಟ ಗಂಗರ ಆಳ್ವಿಕೆ ಈ ನಾಡಿನಲ್ಲಿ ಆಗ ಇರಲಿಲ್ಲ. ಆದರೂ ಅವರ ಮಾತನ್ನು ಮತ್ತೊಂದು ವಂಶದ ಅಧಿಕಾರಿ ತನ್ನ ಮೇಲಿನ ಋಣವೆಂದು ಭಾವಿಸಿದನು.

ಹಳೆಯ ಅರಸನ ಮಾತು ಹೊಸ ಅರಸನನ್ನು ಕಟ್ಟುವುದೆ? ಕಾಯಿದೆಯೆಂದರೆ ಇಂದು ಆಳುವವನ ಇಚ್ಛೆಯೆ, ಇಲ್ಲವೆ ಅವನಿಗಿಂತ ಹಿರಿದಾದುದೆ? ಬ್ರಿಟನ್ನಿನ ಸಂಪ್ರದಾಯನಿಷ್ಠ ರಾಜಕೀಯ ಪರಂಪರೆಯು ಎರಡು ಶತಮಾನಗಳಿಗೂ ಮಿಕ್ಕಿ ಚರ್ಚಿಸುತ್ತ ಬಂದಿರುವ ಪ್ರಶ್ನೆಯೂ ಇದೇ. ಆ ಪರಂಪರೆಯ ಮಾತಿಗೂ ಅದರ ಆಳ್ವಿಕೆಗೂ ಇದ್ದ ಅಂತರವನ್ನು 1858ರಲ್ಲಿ ಅಬ್ಬಿಗೇರಿಯ ಸುತ್ತಣ ನಾಡು ಕಣ್ಣಾರೆ ಕಂಡಿತು.

ಬರ್ಕನ ಸಿದ್ಧಾಂತ

ಈ ಪರಂಪರೆಯ ಮೂಲಪುರುಷನೆಂದು ಎಡ್ಮಂಡ್ ಬರ್ಕ್‌ನನ್ನು ಗುರುತಿಸುವುದು ವಾಡಿಕೆ. ತನ್ನ ಜೀವಿತಕಾಲದಲ್ಲಿ ಅವನು ವಿಗ್ ಪಕ್ಷದವನು. ಕನ್ಸರ್ವೇಟಿವ್ ಎಂಬ ಪಕ್ಷನಾಮವು ರೂಢಿಗೆ ಬಂದುದು ಅವನು ತೀರಿಕೊಂಡ ಎಷ್ಟೋ ವರ್ಷಗಳ ಅನಂತರ, 1830ರ ದಶಕದಲ್ಲಿ. ಆದರೆ ಫ್ರೆಂಚ್ ಕ್ರಾಂತಿಯನ್ನು ಕುರಿತು 1790ರಲ್ಲಿ ಅವನು ಬರೆದ ಗ್ರಂಥವೇ ಮುಂದೆ ಆ ಪಕ್ಷದ ವಿಚಾರಕ್ಕೆ ಅಡಿಗಲ್ಲಾಯಿತು. ಸಮಾಜವೆಂಬುದು ಬದುಕಿರುವವರ ನಡುವಣ ಒಪ್ಪಂದವಷ್ಟೇ ಅಲ್ಲ, ಅಳಿದವರೂ ಇನ್ನು ಹುಟ್ಟಲಿರುವವರೂ ಅದರಲ್ಲಿ ಪಾಲುದಾರರು ಎಂಬುದು ಅವನ ನಿಲುವು. ಆದುದರಿಂದ ಬಹುಕಾಲದಿಂದ ನಡೆದುಬಂದ ಅನುಭವವೇ ಹಕ್ಕಿಗೆ ಬಲವಾದ ಆಧಾರ. ತಲೆಮಾರುಗಳಿಂದ ಶಾಂತವಾಗಿ ಅನುಭವಿಸುತ್ತ ಬಂದುದನ್ನು ತರ್ಕದ ಬಲದಿಂದಲೋ ಬೊಕ್ಕಸದ ಅಗತ್ಯದಿಂದಲೋ ಕಿತ್ತುಕೊಳ್ಳುವುದು ಕಾಯಿದೆಯ ಹೆಸರಿನ ಅಪಹಾರ ಎಂದು ಅವನು ವಾದಿಸಿದನು.

ಇದು ಭಾರತಕ್ಕೆ ಹೊಸ ಮಾತಲ್ಲ. ನಮ್ಮ ವ್ಯವಹಾರಶಾಸ್ತ್ರಗಳು ಲಿಖಿತ, ಭುಕ್ತಿ, ಸಾಕ್ಷಿ ಎಂದು ಮೂರು ಪ್ರಮಾಣಗಳನ್ನು ಹೇಳುತ್ತವೆ. ಇವುಗಳಲ್ಲಿ ಭುಕ್ತಿಯೆಂದರೆ ದೀರ್ಘಕಾಲದ ಅನುಭವವೇ.

ಬರ್ಕನ ಎರಡನೆಯ ಮಾತು ಭಾರತವನ್ನು ಇನ್ನೂ ನೇರವಾಗಿ ಮುಟ್ಟುತ್ತದೆ. 1783ರ ಡಿಸೆಂಬರಿನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಮಸೂದೆಯನ್ನು ಕುರಿತು ಮಾತನಾಡುತ್ತ, ಜನರ ಮೇಲಿನ ಅಧಿಕಾರವು ಆಳುವವನ ಸ್ವತ್ತಲ್ಲ, ಅದು ಪರರ ಹಿತಕ್ಕಾಗಿ ಅವನ ಕೈಯಲ್ಲಿಟ್ಟ ನ್ಯಾಸ, ನ್ಯಾಸವನ್ನು ಹಿಡಿದವನು ಲೆಕ್ಕ ಒಪ್ಪಿಸಲೇಬೇಕು ಎಂದು ಅವನು ಪ್ರತಿಪಾದಿಸಿದನು. ದೇವಸ್ಥಾನದ ಆಡಳಿತ ಮಂಡಳಿಗಳಿಗೆ ಇಂದು ಬಳಕೆಯಲ್ಲಿರುವ ಟ್ರಸ್ಟ್ ಎಂಬ ಶಬ್ದವನ್ನೇ ಅವನು ರಾಜ್ಯಾಧಿಕಾರಕ್ಕೂ ಬಳಸಿದನು. ಗವರ್ನರ್ ಜನರಲ್ ಆಗಿದ್ದ ವಾರನ್ ಹೇಸ್ಟಿಂಗ್ಸ್‌ನ ಮೇಲೆ 1788ರಲ್ಲಿ ಆರಂಭವಾದ ಮಹಾಭಿಯೋಗದಲ್ಲಿಯೂ ಬರ್ಕ್ ಇದನ್ನೇ ಸಾಧಿಸಲು ಹೊರಟನು. ನಿರಂಕುಶ ಅಧಿಕಾರವನ್ನು ಯಾರೂ ಯಾರಿಗೂ ಕೊಡಲಾರರು. ಲಂಡನ್ನಿಗೊಂದು, ಭಾರತಕ್ಕೊಂದು ಎಂದು ನೀತಿಯು ಎರಡಾಗಲಾರದು ಎಂಬುದು ಅವನ ವಾದದ ಸಾರ. 1795ರಲ್ಲಿ ಹೇಸ್ಟಿಂಗ್ಸ್ ನಿರ್ದೋಷಿಯೆಂದು ಬಿಡುಗಡೆ ಹೊಂದಿದನು. ಆದರೆ ಬರ್ಕ್ ಎತ್ತಿದ ಪ್ರಶ್ನೆ ಉಳಿಯಿತು.

ಇನಾಮು ಆಯೋಗ

1818ರಲ್ಲಿ ಪೇಶ್ವೆಯ ಆಳ್ವಿಕೆ ಕೊನೆಗೊಂಡು ಧಾರವಾಡ, ಗದಗ, ರೋಣದ ಸೀಮೆಗಳು ಕಂಪನಿಯ ವಶವಾದವು. ಮುಂಬಯಿಯ ಗವರ್ನರನಾಗಿದ್ದ ಎಲ್ಫಿನ್‌ಸ್ಟನ್‌ನು ಇದ್ದ ವ್ಯವಸ್ಥೆಯನ್ನು ಆದಷ್ಟು ಕದಡದೆ ನಡೆಸುವುದೇ ಲೇಸೆಂಬ ಅಭಿಪ್ರಾಯದವನು. ಆದರೂ ಅವನ ಅಧಿಕಾರಾವಧಿಯಲ್ಲಿಯೇ, 1824ರಲ್ಲಿ, ಕಿತ್ತೂರಿನ ದತ್ತುಸ್ವೀಕಾರವನ್ನು ಅಧಿಕಾರಿಗಳು ಮನ್ನಿಸದೆಹೋದುದರಿಂದ ರಾಣಿ ಚೆನ್ನಮ್ಮನ ಯುದ್ಧ ನಡೆಯಿತೆಂಬುದು ಸರ್ವವಿದಿತ.

ಮುಂದಿನ ತಲೆಮಾರಿನ ಅಧಿಕಾರಿಗಳಿಗೆ ಹಳೆಯದರ ಬಗೆಗೆ ಅಷ್ಟು ಗೌರವವಿರಲಿಲ್ಲ. ಕಂದಾಯವಿಲ್ಲದೆ ಅನುಭವಿಸುತ್ತಿದ್ದ ಇನಾಮು ಭೂಮಿಗಳು ಅವರ ಕಣ್ಣಿಗೆ ಬೊಕ್ಕಸದ ನಷ್ಟವಾಗಿ ಕಂಡವು. 1843ರ ಸುಮಾರಿಗೆ ದಕ್ಷಿಣ ಮರಾಠಾ ಸೀಮೆಯಲ್ಲಿ ಆರಂಭವಾದ ಇನಾಮು ತನಿಖೆಗೆ 1852ರ 11ನೆಯ ಕಾಯಿದೆಯು ಶಾಸನದ ಬಲವನ್ನು ಕೊಟ್ಟಿತು. ಸರಕಾರದ ಪಕ್ಷದಲ್ಲಿಯೂ ಹೇಳಬೇಕಾದ ಮಾತಿದೆ. ಪೇಶ್ವೆಯ ಕೊನೆಯ ಕಾಲದ ಗೊಂದಲದಲ್ಲಿ ಸುಳ್ಳು ಸನದುಗಳು ಹುಟ್ಟಿಕೊಂಡಿದ್ದವು. ಅಧಿಕಾರವಿಲ್ಲದವರು ಇನಾಮು ಬರೆದುಕೊಟ್ಟ ಸಂಗತಿಗಳೂ ಇದ್ದವು. ದೀರ್ಘಕಾಲದ ಅನುಭವವನ್ನು ಆ ಕಾಯಿದೆ ಪೂರ್ತಿಯಾಗಿ ತಳ್ಳಿಹಾಕಿರಲಿಲ್ಲ. ದೇವಾಲಯಗಳಂತಹ ಶಾಶ್ವತ ಸಂಸ್ಥೆಗಳ ಭೂಮಿಯನ್ನು ಮುಂದುವರಿಸುವುದಕ್ಕೂ ಅದರಲ್ಲಿ ಅವಕಾಶವಿತ್ತು.

ದೋಷವಿದ್ದುದು ವಿಚಾರಣೆಯ ಕ್ರಮದಲ್ಲಿ. ಭೂಮಿ ತನ್ನದೆಂದು ಹೇಳುವ ಸರಕಾರವೇ ವಿಚಾರಣಾಧಿಕಾರಿಯನ್ನು ನೇಮಿಸಿತು. ಅವನ ತೀರ್ಪಿನ ಮೇಲೆ ಸಿವಿಲ್ ನ್ಯಾಯಾಲಯಕ್ಕೆ ಹೋಗುವ ದಾರಿಯಿರಲಿಲ್ಲ. ಮೇಲ್ಮನವಿಯೂ ಸರಕಾರಕ್ಕೇ ಸಲ್ಲಬೇಕಾಗಿತ್ತು. ರುಜುವಾತಿನ ಭಾರವು ಅನುಭವಿಸುತ್ತಿದ್ದವನ ಮೇಲೆ ಬಿತ್ತು. ಯುದ್ಧ, ಬೆಂಕಿ, ಗೆದ್ದಲುಗಳಿಂದ ಸನದು ಕಳೆದುಕೊಂಡ ಕುಟುಂಬ ಏನನ್ನು ತೋರಿಸೀತು? ಇಂಗ್ಲಿಷ್ ಇತಿಹಾಸಕಾರ ಜಾನ್ ಕೇ ಬರೆದಿರುವ ಪ್ರಕಾರ ಸುಮಾರು 35,000 ಹಿಡುವಳಿಗಳ ಆಧಾರಪತ್ರಗಳನ್ನು ಕೇಳಲಾಯಿತು. ಮೊದಲ ಐದು ವರ್ಷಗಳಲ್ಲಿಯೇ ಅವುಗಳಲ್ಲಿ ಐದರಲ್ಲಿ ಮೂರು ಪಾಲು ಸರಕಾರದ ವಶವಾದವು. ಗಾವರವಾಡದ ಶಾಸನದ ಲಕ್ಷ್ಮರಸನು ಕೆಟ್ಟುಹೋದ ದತ್ತಿಯನ್ನು ಹುಡುಕಿ ನಡೆಸಿದನು. ಇನಾಮು ಆಯೋಗವು ನಡೆಯುತ್ತಿದ್ದ ದತ್ತಿಯಲ್ಲಿ ಕೊರತೆಯನ್ನು ಹುಡುಕಿತು.

ಇದೇ ಕಾಲದಲ್ಲಿ ಗವರ್ನರ್ ಜನರಲ್ ಡಾಲ್‌ಹೌಸಿಯು ದತ್ತುಪುತ್ರರ ಹಕ್ಕನ್ನು ನಿರಾಕರಿಸಿ 1848ರಲ್ಲಿ ಸಾತಾರಾ ಮೊದಲಾಗಿ ಸಂಸ್ಥಾನಗಳನ್ನು ಕಂಪನಿಯ ರಾಜ್ಯಕ್ಕೆ ಸೇರಿಸುತ್ತ ಹೋದನು. ಅವನು ಕನ್ಸರ್ವೇಟಿವ್ ಪ್ರಧಾನಿ ಪೀಲ್‌ನ ಸರಕಾರದಲ್ಲಿ ಕೆಲಸಮಾಡಿದ್ದವನೆಂಬುದು ಗಮನಾರ್ಹ. ತನ್ನ ನಾಡಿನಲ್ಲಿ ಪಿತ್ರಾರ್ಜಿತ ಹಕ್ಕನ್ನು ಪವಿತ್ರವೆಂದು ಬಗೆದ ಪರಂಪರೆಯಿಂದ ಬಂದವನು ಪರರ ನಾಡಿನಲ್ಲಿ ಅದನ್ನು ಹಗುರವಾಗಿ ಕಂಡನು.

ಲಂಡನ್ನಿನಿಂದ ಬಂದ ಎಚ್ಚರಿಕೆ

1857ರ ಮೇ ತಿಂಗಳಲ್ಲಿ ಉತ್ತರ ಭಾರತದಲ್ಲಿ ದಂಗೆ ಎದ್ದಿತು. ಅದು ಸಿಪಾಯಿಗಳ ಅವಿಧೇಯತೆ ಮಾತ್ರವೆಂದು ಸರಕಾರ ಹೇಳುತ್ತಿದ್ದಾಗ, ವಿರೋಧಪಕ್ಷದಲ್ಲಿದ್ದ ಕನ್ಸರ್ವೇಟಿವ್ ನಾಯಕ ಡಿಸ್ರೇಲಿಯು ಜುಲೈ 27ರಂದು ಕಾಮನ್ಸ್ ಸಭೆಯಲ್ಲಿ ಬೇರೊಂದು ಕಾರಣವನ್ನು ಮುಂದಿಟ್ಟನು. ದೇಶೀಯ ಸಂಸ್ಥಾನಗಳ ನಾಶ, ಆಸ್ತಿಯ ವ್ಯವಸ್ಥೆಯನ್ನು ಕದಡಿದುದು, ಜನರ ಧರ್ಮದಲ್ಲಿ ಕೈಹಾಕಿದುದು ಇವೇ ಅಸಮಾಧಾನದ ಬೇರುಗಳೆಂದು ಅವನು ವಿವರಿಸಿದನು. ದತ್ತುಸ್ವೀಕಾರದ ಹಕ್ಕನ್ನು ನಿರಾಕರಿಸಿದುದನ್ನೂ ಕಂದಾಯಮುಕ್ತ ಭೂಮಿಗಳನ್ನು ಕಿತ್ತುಕೊಂಡುದನ್ನೂ ಖಂಡಿಸಿದನು. ಇದರಲ್ಲಿ ಪಕ್ಷರಾಜಕಾರಣದ ಲೆಕ್ಕಾಚಾರವಿದ್ದಿರಬಹುದು. ಆದರೆ ಅವನ ವಾದದ ಬೀಜ ಬರ್ಕನದೇ.

1858ರ ಫೆಬ್ರವರಿಯಲ್ಲಿ ಲಾರ್ಡ್ ಡರ್ಬಿಯ ನಾಯಕತ್ವದಲ್ಲಿ ಡಿಸ್ರೇಲಿಯ ಪಕ್ಷವೇ ಅಧಿಕಾರಕ್ಕೆ ಬಂದಿತು. ಮರುತಿಂಗಳು ಗವರ್ನರ್ ಜನರಲ್ ಕ್ಯಾನಿಂಗ್‌ನು ಅವಧದ ಭೂಮಾಲೀಕರ ಹಕ್ಕುಗಳನ್ನು, ಕೆಲವರ ಹೊರತು, ಮುಟ್ಟುಗೋಲು ಹಾಕಿದಾಗ, ಭಾರತದ ವ್ಯವಹಾರವನ್ನು ನೋಡಿಕೊಳ್ಳುತ್ತಿದ್ದ ಸಚಿವ ಎಲೆನ್‌ಬರೋ ಅದನ್ನು ಕಟುವಾಗಿ ಆಕ್ಷೇಪಿಸಿ ಪತ್ರ ಬರೆದನು. ಪತ್ರ ಬಹಿರಂಗವಾಗಿ ಗದ್ದಲವೆದ್ದುದರಿಂದ ಮೇ ತಿಂಗಳಲ್ಲಿ ಅವನು ರಾಜೀನಾಮೆ ಕೊಡಬೇಕಾಯಿತು. ಅದೇ ಮೇ ತಿಂಗಳ ಕೊನೆಗೆ ನರಗುಂದ ಸಿಡಿಯಿತು.

ನರಗುಂದದ ದುರಂತ

ನರಗುಂದದ ಸಂಸ್ಥಾನಿಕ ಭಾಸ್ಕರರಾವ ಭಾವೆ, ಜನರ ಬಾಯಲ್ಲಿ ಬಾಬಾಸಾಹೇಬ, 1842ರಲ್ಲಿ ಅಧಿಕಾರಕ್ಕೆ ಬಂದವನು. ಸಂಸ್ಕೃತ ಗ್ರಂಥಗಳ ದೊಡ್ಡ ಭಂಡಾರವನ್ನು ಕೂಡಿಸಿದವನೆಂದು ಹೆಸರಾಗಿದ್ದವನು. ಉತ್ತರಾಧಿಕಾರಿಯಿಲ್ಲದ ಅವನು ದತ್ತು ತೆಗೆದುಕೊಳ್ಳಲು ಅನುಮತಿ ಬೇಡಿದನು, ಅದು ದೊರೆಯಲಿಲ್ಲ. 1857ರ ಸೆಪ್ಟೆಂಬರಿನ ನಿಶ್ಶಸ್ತ್ರೀಕರಣದ ಕಾಯಿದೆ ಎರಡನೆಯ ಪೆಟ್ಟಾಯಿತು. ಅದೇ ಕಾಯಿದೆಗೆ ಬಗ್ಗದ ಹಲಗಲಿಯ ಬೇಡರಲ್ಲಿ 19 ಮಂದಿಯನ್ನು ಆ ವರ್ಷದ ಡಿಸೆಂಬರಿನಲ್ಲಿ ಗಲ್ಲಿಗೇರಿಸಲಾಗಿತ್ತು. ನರಗುಂದದ ತೋಪುಗಳನ್ನೂ ಒಪ್ಪಿಸಬೇಕೆಂದು ಆಜ್ಞೆಯಾಯಿತು.

1858ರಲ್ಲಿ ದಕ್ಷಿಣ ಮರಾಠಾ ಸೀಮೆಯ ರಾಜಕೀಯ ಏಜೆಂಟನಾಗಿ ಬಂದ ಚಾರ್ಲ್ಸ್ ಮ್ಯಾನ್‌ಸನ್ ಹಿಂದೆ ಇನಾಮು ಆಯೋಗದ ಕೆಲಸದಲ್ಲಿದ್ದವನು. ಸಂಸ್ಥಾನಿಕರ ಪಾಲಿಗೆ ಅವನ ಹೆಸರೇ ಆಯೋಗದ ನೆನಪಾಗಿತ್ತು. ಮೇ 29ರ ರಾತ್ರಿ ರಾಮದುರ್ಗದ ಹತ್ತಿರದ ಸುರೇಬಾನದಲ್ಲಿ ಬಿಡಾರ ಮಾಡಿದ್ದ ಅವನನ್ನು ಬಾಬಾಸಾಹೇಬನ ಕಡೆಯವರು ಮುತ್ತಿ ಕೊಂದರು; ಅವನ ಶಿರವನ್ನು ನರಗುಂದಕ್ಕೆ ತಂದರು. ಇತ್ತ ದಕ್ಷಿಣಕ್ಕೆ, ಸರಕಾರದ ನೌಕರಿಯಲ್ಲಿದ್ದು ಬಂಡೆದ್ದಿದ್ದ ಮುಂಡರಗಿ ಭೀಮರಾಯನು ಕೊಪ್ಪಳದ ಕೋಟೆಯಲ್ಲಿ ಹೋರಾಡಿ ಜೂನ್ 1ರಂದು ಮಡಿದನು. ಕರ್ನಲ್ ಮಾಲ್ಕಮ್‌ನ ಸೇನೆ ಬಂದ ಒಂದೆರಡು ದಿನಗಳಲ್ಲಿಯೇ ನರಗುಂದದ ಕೋಟೆ ಬಿದ್ದಿತು. ತಪ್ಪಿಸಿಕೊಂಡಿದ್ದ ಬಾಬಾಸಾಹೇಬನನ್ನು ಹಿಡಿದು ಬೆಳಗಾವಿಗೆ ಒಯ್ದು ವಿಚಾರಣೆ ನಡೆಸಿ ಜೂನ್ 12ರಂದು ಗಲ್ಲಿಗೇರಿಸಿದರು. ಮ್ಯಾನ್‌ಸನ್‌ನ ಕೊಲೆಯಿಂದ ಬಾಬಾಸಾಹೇಬನ ಮರಣದವರೆಗೆ ಎರಡು ವಾರಗಳಷ್ಟೆ. ದತ್ತಿನ ಅರ್ಜಿಗೆ ವರ್ಷಗಟ್ಟಲೆ ಮೀನಮೇಷ ಎಣಿಸುವ ಆಡಳಿತಕ್ಕೆ ಶಿಕ್ಷೆ ವಿಧಿಸುವುದರಲ್ಲಿ ತಡವಾಗಲಿಲ್ಲ.

ರಾತ್ರಿಯ ಬಿಡಾರದಲ್ಲಿ ನಡೆದ ಕೊಲೆಯನ್ನು ಅಹಿಂಸೆಯನ್ನು ನಂಬಿದವರು ಸಮರ್ಥಿಸಲಾರರು; ನಾಡಿಗಾಗಿ ತೆತ್ತ ಪ್ರಾಣವನ್ನು ಮರೆಯಲೂ ಆರರು. ಆದರೆ ಹಿಂಸೆಗೆ ದಾರಿ ಮಾಡಿಕೊಟ್ಟುದು ಯಾವುದೆಂದು ಕೇಳುವುದು ಇತಿಹಾಸದ ಕರ್ತವ್ಯ. ನ್ಯಾಯ ಕೇಳಲು ಬೇರೊಂದು ಬಾಗಿಲಿಲ್ಲದಂತೆ ಮಾಡಿದ ಕಾಯಿದೆಯು ಆ ರಾತ್ರಿಯ ಹೊಣೆಯಿಂದ ಪೂರ್ತಿಯಾಗಿ ಮುಕ್ತವಾಗಲಾರದು.

ತಡವಾಗಿ ಬಂದ ವಚನ

1858ರ ಆಗಸ್ಟಿನಲ್ಲಿ ಡರ್ಬಿಯ ಸರಕಾರವು ಕಂಪನಿಯ ಆಳ್ವಿಕೆಯನ್ನು ಕೊನೆಗೊಳಿಸುವ ಕಾಯಿದೆಯನ್ನು ತಂದಿತು. ನವೆಂಬರ್ 1ರಂದು ಹೊರಟ ವಿಕ್ಟೋರಿಯಾ ರಾಣಿಯ ಘೋಷಣೆಯಲ್ಲಿ ಸಂಸ್ಥಾನಿಕರೊಡನೆ ಆದ ಒಪ್ಪಂದಗಳನ್ನು ಪಾಲಿಸುವ, ಪಿತ್ರಾರ್ಜಿತ ಭೂಮಿಯ ಮೇಲಿನ ಜನರ ಮಮತೆಯನ್ನು ಮನ್ನಿಸುವ, ಕಾಯಿದೆ ಮಾಡುವಾಗಲೂ ನಡೆಸುವಾಗಲೂ ಹಳೆಯ ಹಕ್ಕು, ರೂಢಿ, ಆಚಾರಗಳನ್ನು ಗೌರವಿಸುವ ವಚನಗಳಿದ್ದವು. ಬಳಿಕ 1862ರಲ್ಲಿ ಸಂಸ್ಥಾನಿಕರಿಗೆ ದತ್ತುಸ್ವೀಕಾರದ ಸನದುಗಳು ದೊರೆತವು. 1863ರಲ್ಲಿ ಮುಂಬಯಿ ಸರಕಾರವು ಸಂಕ್ಷಿಪ್ತ ಇತ್ಯರ್ಥದ ಕಾಯಿದೆಗಳನ್ನು ಮಾಡಿ, ಗೊತ್ತಾದ ಜೂಡಿಯನ್ನು ಕೊಡಲೊಪ್ಪಿದ ಇನಾಮುದಾರರ ಹಕ್ಕನ್ನು ಕೆದಕದೆ ಬಿಟ್ಟಿತು.

ಇದರಿಂದ ನರಗುಂದಕ್ಕೆ ಯಾವ ಪ್ರಯೋಜನವೂ ಆಗಲಿಲ್ಲ. ಅದು ಆಗಲೇ ಬ್ರಿಟಿಷ್ ಮುಲುಕಿಗೆ ಸೇರಿಹೋಗಿತ್ತು. ದಂಗೆಯಲ್ಲಿ ಸೇರದೆ ಉಳಿದ ಬಾಬಾಸಾಹೇಬನ ಮಲಸಹೋದರನ ರಾಮದುರ್ಗಕ್ಕೆ ದತ್ತಿನ ಸನದು ದೊರೆಯಿತು. ಆ ಸಂಸ್ಥಾನ 1948ರವರೆಗೂ ನಡೆಯಿತು. ಒಂದೇ ಮನೆತನದ ಎರಡು ಕವಲುಗಳಲ್ಲಿ ಒಂದಕ್ಕೆ ಇಲ್ಲವೆಂದ ಹಕ್ಕು ಕೆಲವೇ ವರ್ಷಗಳಲ್ಲಿ ಮತ್ತೊಂದಕ್ಕೆ ಸಹಜವೆನಿಸಿತು. ಧರ್ಮಶಾಸ್ತ್ರ ಬದಲಾಗಿರಲಿಲ್ಲ, ಬದಲಾದುದು ಆಳುವವರ ಭಯ.

ಪರಂಪರೆಯ ಒಳಗಿನ ಇಕ್ಕಟ್ಟು

ಕಾಯಿದೆಯು ಪರಂಪರೆಯಿಂದ ಬಂದ ಅಂಕುಶವೆಂದು ಬ್ರಿಟಿಷ್ ಸಂಪ್ರದಾಯನಿಷ್ಠರು ಹೇಳುತ್ತಾರೆ. ಆದರೆ ಪಾರ್ಲಿಮೆಂಟು ಯಾವ ಕಾಯಿದೆಯನ್ನಾದರೂ ಮಾಡಬಲ್ಲದು, ಯಾವುದನ್ನಾದರೂ ಅಳಿಸಬಲ್ಲದು ಎಂಬುದೂ ಅವರ ಸಂವಿಧಾನದ ತತ್ತ್ವವೇ. ಕನ್ಸರ್ವೇಟಿವ್ ಪಕ್ಷದ ಕಾನೂನು ಪಂಡಿತ ಲಾರ್ಡ್ ಹೇಲ್‌ಶಾಮ್ 1976ರಲ್ಲಿ ಪಾರ್ಲಿಮೆಂಟಿನ ಈ ಮಿತಿಯಿಲ್ಲದ ಅಧಿಕಾರವು ಚುನಾಯಿತರ ಸರ್ವಾಧಿಕಾರವಾದೀತೆಂದು ಎಚ್ಚರಿಸಿದನು. 2019ರ ಸೆಪ್ಟೆಂಬರಿನಲ್ಲಿ ಅದೇ ಪಕ್ಷದ ಪ್ರಧಾನಿಯ ಸಲಹೆಯ ಮೇರೆಗೆ ಪಾರ್ಲಿಮೆಂಟಿನ ಅಧಿವೇಶನವನ್ನು ನಿಲ್ಲಿಸಿದುದು ಕಾನೂನುಬಾಹಿರವೆಂದು ಬ್ರಿಟನ್ನಿನ ಸರ್ವೋಚ್ಚ ನ್ಯಾಯಾಲಯದ 11 ನ್ಯಾಯಾಧೀಶರು ಒಮ್ಮತದಿಂದ ತೀರ್ಪಿತ್ತರು. 1852ರ ಕಾಯಿದೆಯೂ ವಿಧಿವತ್ತಾಗಿ ಆದ ಕಾಯಿದೆಯೇ ಆಗಿತ್ತು. ಕಾಯಿದೆಯ ರೂಪವಿದ್ದ ಮಾತ್ರಕ್ಕೆ ನ್ಯಾಯದ ಸತ್ತ್ವ ಇರಲೇಬೇಕೆಂದಿಲ್ಲ ಎಂಬುದೇ ಇದರ ಪಾಠ.

ಈ ಪರಂಪರೆಗೆ ಮತ್ತೊಂದು ಕುರುಡೂ ಇದೆ. ಹಳೆಯ ಹಕ್ಕೆಂದರೆ ಅದು ಒಡೆಯನ ಹಕ್ಕನ್ನೇ ಕಂಡಿತು. ಉಳುವವನ ಅನುಭವವನ್ನು ಅಷ್ಟಾಗಿ ಕಾಣಲಿಲ್ಲ. ಎರೆಭೂಮಿಯಲ್ಲಿ ಮೂರು ನಾಲ್ಕು ತಲೆಮಾರು ಜೋಳ, ಹತ್ತಿ ಬೆಳೆದ ಗೇಣಿದಾರನ ಬಳಿ ಸನದು ಇರಲಿಲ್ಲ, ಭುಕ್ತಿಯಿತ್ತು. 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಕರ್ನಾಟಕ ಭೂಸುಧಾರಣಾ ತಿದ್ದುಪಡಿಯು ಗೇಣಿ ಭೂಮಿಯನ್ನು ಸರಕಾರದಲ್ಲಿ ನಿಹಿತಗೊಳಿಸಿ ಉಳುವವನಿಗೆ ಹಕ್ಕು ಪಡೆಯುವ ದಾರಿಮಾಡಿತು; 1977ರ ಇನಾಮು ರದ್ದತಿ ಕಾಯಿದೆ ಉಳಿದ ಇನಾಮುಗಳನ್ನು ಮುಟ್ಟಿತು. ಆಸ್ತಿಯ ಹಕ್ಕು 1978ರ 44ನೆಯ ತಿದ್ದುಪಡಿಯಿಂದ ಮೂಲಭೂತ ಹಕ್ಕುಗಳ ಪಟ್ಟಿಯಿಂದ ಹೊರಬಂದು ಸಂವಿಧಾನದ 300ಎ ವಿಧಿಯಲ್ಲಿ ನೆಲೆಸಿತು. ಭೂಮಿ ಕಳೆದುಕೊಂಡ ಧಾರ್ಮಿಕ ಸಂಸ್ಥೆಗಳಿಗೆ ಇದು ಎರಡನೆಯ ಇನಾಮು ಆಯೋಗದಂತೆ ತೋರಿದರೆ ಆಶ್ಚರ್ಯವಿಲ್ಲ. ಆದರೆ ಹೋಲಿಕೆ ಅರ್ಧಮಾತ್ರ ಸರಿ. ಇನಾಮು ಆಯೋಗವು ಭೂಮಿಯ ಕಂದಾಯವನ್ನು ಬೊಕ್ಕಸಕ್ಕೆ ಒಯ್ದಿತು. ಭೂಸುಧಾರಣೆಯು ಭೂಮಿಯನ್ನು ಅದರಲ್ಲಿ ಬೆವರು ಸುರಿಸಿದವನಿಗೆ ಕೊಡಲು ಹೊರಟಿತು. ದೀರ್ಘಾನುಭವವನ್ನು ತನ್ನ ಪಾಲಿಗೆ ಪ್ರಮಾಣವೆಂದು ಹೇಳುವವನು ಗೇಣಿದಾರನ ಪಾಲಿಗೂ ಅದು ಪ್ರಮಾಣವೆಂದು ಒಪ್ಪಬೇಕಾಗುತ್ತದೆ.

ನ್ಯಾಸವನ್ನು ಹಿಡಿದವರು

ಆಚಾರ್ಯ ಉಮಾಸ್ವಾಮಿಗಳ ತತ್ತ್ವಾರ್ಥಸೂತ್ರವು ಅಚೌರ್ಯವ್ರತದ ಅತಿಚಾರಗಳಲ್ಲಿ ವಿರುದ್ಧರಾಜ್ಯಾತಿಕ್ರಮವನ್ನು, ಅಂದರೆ ರಾಜ್ಯದ ನಿಯಮವನ್ನು ಮೀರಿ ಲಾಭ ಪಡೆಯುವುದನ್ನು, ಎಣಿಸಿದೆ. ಕಾಯಿದೆಗೆ ಶ್ರಾವಕನು ಕೊಡಬೇಕಾದ ಗೌರವ ಇದರಿಂದ ಸ್ಪಷ್ಟ. ಆದರೆ ಇನ್ನೆರಡು ಅತಿಚಾರಗಳು ಈ ಚರಿತ್ರೆಗೆ ಮತ್ತಷ್ಟು ಹತ್ತಿರವಾಗಿವೆ. ಒಂದು ಕೂಟಲೇಖಕ್ರಿಯೆ, ಸುಳ್ಳುಪತ್ರದ ಸೃಷ್ಟಿ. ಮತ್ತೊಂದು ನ್ಯಾಸಾಪಹಾರ, ನಂಬಿ ಇಟ್ಟುದನ್ನು ಮರಳಿಸದೆ ನುಂಗುವುದು. ಇವೆರಡನ್ನೂ ಸೂತ್ರಕಾರರು ಕಳವಿನ ಕೆಳಗೆ ಇಡದೆ ಸತ್ಯವ್ರತದ ಅತಿಚಾರಗಳಲ್ಲಿ ಇಟ್ಟಿದ್ದಾರೆ. ನಂಬಿಕೆಯ ಸ್ವತ್ತನ್ನು ಕೆಡಿಸಿದವನು ಸ್ವತ್ತಿಗಿಂತ ಮೊದಲು ಮಾತನ್ನು ಕೆಡಿಸುತ್ತಾನೆ ಎಂಬ ಅರ್ಥ ಇದರಲ್ಲಿ ಅಡಗಿದೆ.

ಸುಳ್ಳು ಸನದು ಬರೆದ ಇನಾಮುದಾರ, ಹಳೆಯ ವಚನವನ್ನು ಮರೆತ ಸರಕಾರ, ದತ್ತಿಯ ಲೆಕ್ಕವನ್ನು ಮುಚ್ಚಿಡುವ ಆಡಳಿತಗಾರ, ಈ ಮೂವರೂ ಒಂದೇ ವ್ರತವನ್ನು ಮುರಿದವರು. ಬರ್ಕ್ ಅಧಿಕಾರವನ್ನು ನ್ಯಾಸವೆಂದು ಕರೆದಾಗ ಹೇಳಿದುದೂ ಇದನ್ನೇ. ಅವನ ದೇಶದವರು ನರಗುಂದದಲ್ಲಿ ಮರೆತುದೂ ಇದನ್ನೇ. ಇಂದು ಬಸದಿಗಳ ಕಾಗದಪತ್ರಗಳನ್ನು ಕಾಪಾಡುವವರು, ವಾರ್ಷಿಕ ಲೆಕ್ಕವನ್ನು ಸಮಾಜದ ಮುಂದಿಡುವವರು, ದಾನಿಯ ಉದ್ದೇಶವನ್ನು ಬದಲಿಸದೆ ನಡೆಸುವವರು ಮಾಡುತ್ತಿರುವುದು ಕೇವಲ ಕಚೇರಿಯ ಕೆಲಸವಲ್ಲ. ಅಳಿದವರ ಮಾತನ್ನು ಹುಟ್ಟಲಿರುವವರಿಗೆ ಕೆಡದಂತೆ ತಲುಪಿಸುವ ಕೆಲಸ ಅದು. ನರೇಗಲ್ಲಿನ ದಾನಶಾಲೆಗೆ ಕೆರೆಯನ್ನು ಬಿಟ್ಟವರು ಮುಂದಿನವರಿಂದ ಬಯಸಿದುದೂ ಅಷ್ಟನ್ನೇ.